ಫೆರೆಟ್ ಕಿವಿಯಲ್ಲಿ ಕಪ್ಪು ಗುಗ್ಗೆ, ಗಿನಿಪಿಗ್ ಮೈಯಲ್ಲಿ ಹೊಟ್ಟು: ಎರಡಕ್ಕೂ ಒಂದೇ ನುಸಿಯಾ?

ಬಿಲವಾಸಿ
ಎಲ್ಲರಿಗೂ ನಮಸ್ಕಾರ. ನಮ್ಮ ಮನೆಯಲ್ಲಿ ಎರಡು ಫೆರೆಟ್ (ಮುಂಗುಸಿ ಥರ ಕಾಣುವ ಸಾಕುಪ್ರಾಣಿ), ಒಂದು ಗಿನಿಪಿಗ್ ಇವೆ. ದೊಡ್ಡ ಫೆರೆಟ್ ಗಂಡು, ನಾಲ್ಕು ವರ್ಷ ದಾಟಿದೆ. ಈಚೆಗೆ ಕಿವಿ ಕೆರೆದುಕೊಳ್ಳುವುದು, ತಲೆ ಕೊಡವುವುದು ಜಾಸ್ತಿ ಆಗಿದೆ. ಕಿವಿಯೊಳಗಿನ ಗುಗ್ಗೆ ಕಪ್ಪಾಗಿದೆ, ಮುಟ್ಟಿದರೆ ಕಾಫಿ ಪುಡಿ ಥರ ಉದುರುತ್ತದೆ. ಭುಜದ ಹತ್ತಿರ ಚರ್ಮ ಕೆಂಪಾಗಿದೆ. ಬಾಲದ ಬುಡದಲ್ಲಿ ಕೂದಲೂ ತೆಳ್ಳಗಾಗಿದೆ. ಚಿಕ್ಕದು ಆರಾಮಾಗಿದೆ, ಆದರೆ ಎರಡೂ ಒಂದೇ ಜೋಲಿಯಲ್ಲಿ ಮಲಗುತ್ತವೆ.

ಗಿನಿಪಿಗ್‌ಗೆ ಬೇರೆ ಪಂಜರ, ಆದರೆ ಅದೇ ಕೋಣೆ. ಅದರ ಬೆನ್ನಲ್ಲೂ ಹೊಟ್ಟು ಕಾಣಿಸಿದೆ. ಎತ್ತಿಕೊಂಡರೆ ಕೀಂ ಅಂತ ಕೂಗುತ್ತದೆ, ಮೊದಲು ಹಾಗೆ ಮಾಡುತ್ತಿರಲಿಲ್ಲ.

ಎರಡಕ್ಕೂ ಒಂದೇ ನುಸಿ ಅಂಟಿದೆಯಾ? ನಾಯಿಗೆ ಯಾವಾಗಲೋ ತಂದ ಕಿವಿ ಹನಿ ಮನೆಯಲ್ಲಿದೆ, ಅದನ್ನೇ ಹಾಕಬಹುದಾ? ಸ್ನಾನ ಮಾಡಿಸಿದರೆ ಕಡಿಮೆ ಆಗುತ್ತಾ?

ಸರಸರ
ಕಿವಿ ನುಸಿ. ಕಣ್ಣು ಮುಚ್ಚಿ ಹೇಳಬಹುದು. ಹನಿ ಹಾಕಿ, ಮುಗೀತು.

ತಕರಾರು
ಕಣ್ಣು ಮುಚ್ಚಿ ಹೇಳುವುದೇ ಇಲ್ಲಿನ ರೋಗ. ಫೆರೆಟ್ ಕಿವಿಯಲ್ಲಿ ಗುಗ್ಗೆ ಇರುವುದು ಸಹಜ. ಆರೋಗ್ಯವಾಗಿರುವ ಫೆರೆಟ್‌ಗೂ ಕೆಂಪು ಮಿಶ್ರಿತ ಕಂದು ಬಣ್ಣದ ಗುಗ್ಗೆ ಇದ್ದೇ ಇರುತ್ತದೆ. ಅದನ್ನು ನೋಡಿ ಗಾಬರಿ ಬಿದ್ದು ಔಷಧಿ ಸುರಿಯುವವರು ಎಷ್ಟು ಜನ! ಬಣ್ಣ ಕಪ್ಪಾದರೆ, ವಾಸನೆ ಬಂದರೆ, ಮೊದಲಿಗಿಂತ ಜಾಸ್ತಿ ಸೇರುತ್ತಿದ್ದರೆ ಅನುಮಾನ ಪಡಬೇಕು. ಆಗಲೂ ಅನುಮಾನ ಅಷ್ಟೇ, ತೀರ್ಪಲ್ಲ.

ಬಿಲವಾಸಿ, ಒಂದು ಕೆಲಸ ಮಾಡಿ. ಹೊರಕಿವಿಯಿಂದ ಸ್ವಲ್ಪ ಗುಗ್ಗೆ ತೆಗೆದು ಕಪ್ಪು ಕಾಗದದ ಮೇಲೆ ಹರಡಿ. ಬೆಳಕಲ್ಲಿ ಭೂತಗನ್ನಡಿ ಹಿಡಿದು ನೋಡಿ. ಬಿಳಿ ಚುಕ್ಕೆಗಳು ಜಾಗ ಬದಲಾಯಿಸಿದರೆ ಅವು ನುಸಿ. ಬದಲಾಯಿಸದಿದ್ದರೆ ನುಸಿ ಇಲ್ಲ ಅಂತ ಅರ್ಥ ಅಲ್ಲ, ಸಿಕ್ಕಿಲ್ಲ ಅಂತ ಅಷ್ಟೇ. ಕಡ್ಡಿಯನ್ನು ಒಳಗೆ ತುರುಕಬೇಡಿ.

ಗಾಜಿನಪಟ್ಟಿ
ನಾನು ಪ್ರಾಣಿಗಳ ಆಸ್ಪತ್ರೆಯೊಂದರ ಲ್ಯಾಬ್‌ನಲ್ಲಿ ಕೆಲಸ ಮಾಡುತ್ತೇನೆ. ತಕರಾರು ಹೇಳಿದ್ದು ಸರಿ, ಸ್ವಲ್ಪ ಸೇರಿಸುತ್ತೇನೆ.

ನಮ್ಮಲ್ಲಿ ಗುಗ್ಗೆ ಬಂದರೆ ಗಾಜಿನ ಪಟ್ಟಿಯ ಮೇಲೆ ಒಂದು ಹನಿ ಮಿನರಲ್ ಆಯಿಲ್ ಹಾಕಿ ಅದರಲ್ಲಿ ಕಡ್ಡಿಯನ್ನು ಹೊರಳಿಸುತ್ತೇವೆ. ಎಣ್ಣೆಯಲ್ಲಿ ಗುಗ್ಗೆ ನಿಧಾನವಾಗಿ ಬಿಡಿಬಿಡಿಯಾಗುತ್ತದೆ. ಮೇಲೊಂದು ತೆಳು ಗಾಜು ಮುಚ್ಚಿ ಕಡಿಮೆ ಲೆನ್ಸಿನಲ್ಲಿ ನೋಡಿದರೆ ಸಾಕು. ಬೆಳಕು ಜಾಸ್ತಿ ಇದ್ದರೆ ಏನೂ ಕಾಣುವುದಿಲ್ಲ, ತಗ್ಗಿಸಬೇಕು. ಆಗ ಕಂದು ಉಂಡೆಗಳ ನಡುವಿಂದ ಗುಂಡಗಿನ ಮೈ, ಉದ್ದ ಕಾಲು ಹೊರಬರುತ್ತವೆ. ಬೆಚ್ಚಗಿನ ಮಾದರಿಯಾದರೆ ಎಣ್ಣೆಯಲ್ಲೂ ಈಜುತ್ತಾ ಒದ್ದಾಡುತ್ತಿರುತ್ತವೆ. ಪಕ್ಕದಲ್ಲೇ ಮೊಟ್ಟೆಗಳೂ ಸಿಗುತ್ತವೆ, ನುಸಿಯ ಮೈ ಗಾತ್ರಕ್ಕೆ ಹೋಲಿಸಿದರೆ ಭಾರಿ ದೊಡ್ಡವು. ಒಂದು ಸಲ ನೋಡಿದವರು ಮರೆಯುವುದಿಲ್ಲ.

ಇದರ ಹೆಸರು ಒಟೊಡೆಕ್ಟಿಸ್ ಸೈನೊಟಿಸ್. ಉದ್ದ 0.4 ಮಿ.ಮೀ. ಆಸುಪಾಸು. ಬೆಕ್ಕು, ನಾಯಿ, ಫೆರೆಟ್ ಮೂರಕ್ಕೂ ಇದೇ ನುಸಿ. ಚರ್ಮ ಕೊರೆದು ಒಳಗೆ ಹೋಗುವುದಿಲ್ಲ, ಮೇಲ್ಮೈಯಲ್ಲೇ ಓಡಾಡುತ್ತದೆ. ಮೊಟ್ಟೆಯಿಂದ ಮೊಟ್ಟೆಗೆ ಸುಮಾರು 3 ವಾರ ಬೇಕು. ಬಹಳಷ್ಟು ಔಷಧಿಗಳು ಓಡಾಡುವ ನುಸಿಯನ್ನು ಕೊಲ್ಲುತ್ತವೆ, ಮೊಟ್ಟೆಗೆ ಏನೂ ಮಾಡುವುದಿಲ್ಲ. ಅದಕ್ಕೇ ಒಂದು ಡೋಸ್ ಹಾಕಿ "ಕಡಿಮೆ ಆಯ್ತು" ಅಂದವರು ತಿಂಗಳೊಳಗೆ ಮತ್ತೆ ಬರುತ್ತಾರೆ.

ಬಿಲವಾಸಿ
ಕಪ್ಪು ಕಾಗದ ಇಟ್ಟು ನೋಡಿದೆ. ಚುಕ್ಕೆಗಳು ನಡೆದಾಡಿದವು. ಈಗ ನನ್ನ ಮೈಯೆಲ್ಲಾ ತುರಿಸುತ್ತಿದೆ.

ಸರಸರ
ನಾನು ಹೇಳಿದ್ದೇ ಆಯ್ತಲ್ಲ 😎

ತಕರಾರು
ಗೆದ್ದಿರಿ ಮಾರಾಯ್ರೆ. ಆದರೆ ಕಿವಿಯ ಉತ್ತರ ಮಾತ್ರ ಸಿಕ್ಕಿದೆ. ಭುಜ, ಬಾಲ, ಗಿನಿಪಿಗ್ ಇನ್ನೂ ಬಾಕಿ.

ಬೆಕ್ಕಿನಮನೆ
ಮೊದಲ ಮಾತು, ಮನೆಯ ನಾಯಿಗೂ ನೋಡಿಸಿ. ಬೆಕ್ಕು ಇದ್ದರೆ ಅದಕ್ಕೂ. ನಮ್ಮಲ್ಲಿ ಬೆಕ್ಕಿಗೆ ಮಾತ್ರ ಔಷಧಿ ಹಾಕುತ್ತಿದ್ದಾಗ ಕಾಯಿಲೆ ಬೆಕ್ಕಿನಿಂದ ಫೆರೆಟ್‌ಗೆ, ಫೆರೆಟ್‌ನಿಂದ ಬೆಕ್ಕಿಗೆ ಸುತ್ತುತ್ತಲೇ ಇತ್ತು. ಕೆರೆದುಕೊಳ್ಳದ ಪ್ರಾಣಿಗೂ ನುಸಿ ಇರಬಹುದು. ನಿಮ್ಮ ಚಿಕ್ಕ ಫೆರೆಟ್ ಆರಾಮಾಗಿದೆ ಅಂತ ಬಿಟ್ಟರೆ ಅಷ್ಟೇ.

ಗಾಜಿನಪಟ್ಟಿ
ಹೌದು. ಇನ್ನೊಂದು ವಿಷಯ, ಕಿವಿ ನುಸಿ ಅಂದರೆ ಕಿವಿಯಲ್ಲಷ್ಟೇ ಇರುತ್ತದೆ ಅಂದುಕೊಳ್ಳಬೇಡಿ. ಫೆರೆಟ್ ಸುರುಳಿ ಸುತ್ತಿ ಮಲಗುತ್ತದಲ್ವಾ, ಬಾಲ ಬಂದು ಕಿವಿ ಹತ್ತಿರ ಕೂರುತ್ತದೆ. ತಲೆ, ಕುತ್ತಿಗೆ, ಬಾಲದ ಕೂದಲಲ್ಲೂ ಒಂದಿಷ್ಟು ಓಡಾಡುತ್ತಿರುತ್ತವೆ. ಬರೀ ಕಿವಿಗೆ ಹನಿ ಹಾಕಿದರೆ ಅವು ಬದುಕಿಕೊಂಡು ವಾಪಸ್ ಬರುತ್ತವೆ. ಅದಕ್ಕೇ ಈಗ ಬೆನ್ನಿಗೆ ಹಚ್ಚುವ, ಮೈಯೆಲ್ಲಾ ಹರಡುವ ಔಷಧಿಯನ್ನೇ ವೈದ್ಯರು ಜಾಸ್ತಿ ಬರೆಯುವುದು.

ಗಿನಿಅಜ್ಜಿ
ಗಿನಿಪಿಗ್ ಪ್ರಶ್ನೆಗೆ ಯಾರೂ ಉತ್ತರ ಕೊಟ್ಟಿಲ್ಲ ಅಂತ ಬರೆಯುತ್ತಿದ್ದೇನೆ. ಮಗಾ, ಎತ್ತಿಕೊಂಡರೆ ಕೂಗುತ್ತದೆ ಅಂದೆಯಲ್ಲ, ನನಗೆ ಆ ಒಂದು ಸಾಲೇ ಹೆದರಿಕೆ ಹುಟ್ಟಿಸಿದ್ದು.

ಫೆರೆಟ್‌ನ ಕಿವಿ ನುಸಿ ಗಿನಿಪಿಗ್‌ಗೆ ಬಂದಿದೆ ಅಂತ ತಿಳಿಯಬೇಡ. ಗಿನಿಪಿಗ್‌ಗೆ ಅದರದೇ ನುಸಿಗಳಿವೆ. ಕೆಟ್ಟದ್ದು ಟ್ರಿಕ್ಸಾಕರಸ್ ಕೇವಿಯೆ. ಅದು ಚರ್ಮದೊಳಗೆ ಸುರಂಗ ತೋಡಿಕೊಂಡು ಇರುತ್ತದೆ. ಬೆನ್ನು, ಭುಜ, ತೊಡೆಯ ಒಳಭಾಗದಲ್ಲಿ ಹೊಟ್ಟು ಏಳುತ್ತದೆ, ಕೂದಲು ಉದುರುತ್ತದೆ, ಹಕ್ಕಳೆ ಕಟ್ಟುತ್ತದೆ. ತುರಿಕೆ ಎಷ್ಟು ಅಂದರೆ ಗಾಯ ಆಗುವವರೆಗೂ ಕಚ್ಚಿಕೊಳ್ಳುತ್ತದೆ. ಜೋರಾದಾಗ ಬೆನ್ನು ಮುಟ್ಟಿದರೆ ಸಾಕು, ಮೂರ್ಛೆ ಬಂದ ಹಾಗೆ ಕಾಲು ಸೆಟೆದು ಒದ್ದಾಡುತ್ತದೆ. ನೋಡಿದವರು ಫಿಟ್ಸ್ ಅಂದುಕೊಳ್ಳುತ್ತಾರೆ. ಬಸಿರಿಯಾದರೆ ಮರಿ ಬೀಳಲೂಬಹುದು. ಇದಕ್ಕೆ ಕಾಯುತ್ತಾ ಕೂರಬಾರದು.

ಇನ್ನೊಂದು ಸಾಧು ನುಸಿ, ಕೈರೊಡಿಸ್ಕಾಯ್ಡಿಸ್ ಕೇವಿಯೆ. ಅದು ಕೂದಲಿಗೆ ಅಂಟಿಕೊಂಡಿರುತ್ತದೆ, ಸಣ್ಣ ಧೂಳಿನ ಹಾಗೆ ಕಾಣುತ್ತದೆ. ಹಿಂಭಾಗದಲ್ಲಿ ಜಾಸ್ತಿ. ಎಷ್ಟೋ ಗಿನಿಪಿಗ್‌ಗಳಿಗೆ ಅದು ಇದ್ದರೂ ತೊಂದರೆ ಇರುವುದಿಲ್ಲ. ಹೇನೂ ಬರುತ್ತದೆ, ಹೇನು ಬರಿಗಣ್ಣಿಗೆ ಕಾಣುತ್ತದೆ.

ಮತ್ತೆ ನುಸಿಯೇ ಅಲ್ಲದ್ದೂ ಇರಬಹುದು. ಮುಖ, ಮೂಗು, ಕಣ್ಣಿನ ಸುತ್ತ ಕೂದಲು ಹೋಗಿ ಬಿಳಿ ಪೊರೆ ಎದ್ದಿದ್ದರೆ ಹುಳುಕಡ್ಡಿ ಅಂತ ನೋಡು, ಅದು ನಿನ್ನ ಕೈಗೂ ಅಂಟುತ್ತದೆ. ಗಿನಿಪಿಗ್ ತನ್ನ ಮೈಯಲ್ಲಿ ವಿಟಮಿನ್ ಸಿ ತಯಾರಿಸಿಕೊಳ್ಳಲಾರದು. ಅದು ಕಡಿಮೆ ಬಿದ್ದರೆ ಕೂದಲು ಒರಟಾಗುತ್ತದೆ, ಕೀಲು ನೋಯುತ್ತದೆ, ಎತ್ತಿದರೆ ಕೂಗುತ್ತದೆ. ಸೊರಗಿದ ಗಿನಿಪಿಗ್‌ಗೇ ನುಸಿ ಜೋರಾಗುವುದು ಕೂಡ. ಒಂದರ ಮೇಲೊಂದು.

ಆಮೇಲೆ, ಕಿವಿ ಹಿಂದೆ ಕೂದಲಿಲ್ಲ ಅಂತ ಯಾರೂ ಫೋಟೋ ಹಾಕಬೇಡಿ. ಗಿನಿಪಿಗ್‌ಗೆ ಅಲ್ಲಿ ಬೋಳೇ ಇರುತ್ತದೆ, ಹುಟ್ಟಿನಿಂದ ಹಾಗೇ.

ಸುಮ್ನೆಓದುಗ
ಕೊನೆ ಸಾಲು ಓದಿ ಈಗಷ್ಟೇ ತೆಗೆದ ಫೋಟೋ ಅಳಿಸಿದೆ. ಥ್ಯಾಂಕ್ಸ್ ಅಜ್ಜಿ.

ಕುದುರೆಸವಾರ
ಇಷ್ಟೆಲ್ಲಾ ತಲೆ ಯಾಕೆ ಕೆಡಿಸಿಕೊಳ್ಳುತ್ತೀರಿ? ಕುದುರೆಗೆ ಹುಳುವಿಗೆ ಕೊಡುವ ಐವರ್‌ಮೆಕ್ಟಿನ್ ಪೇಸ್ಟ್ ತನ್ನಿ. ಒಂದು ಚೂರು ಬಾಯಿಗೆ ಇಡಿ. ಫೆರೆಟ್‌ಗೂ ಆಗುತ್ತೆ, ಗಿನಿಪಿಗ್‌ಗೂ ಆಗುತ್ತೆ. ಒಂದು ಟ್ಯೂಬ್ ವರ್ಷಗಟ್ಟಲೆ ಬರುತ್ತೆ.

ತಕರಾರು
"ಒಂದು ಚೂರು" ಅಂದರೆ ಎಷ್ಟು ಮಿಲಿಗ್ರಾಂ?

ಕುದುರೆಸವಾರ
ಕಾಳಿನಷ್ಟು.

ತಕರಾರು
ಯಾವ ಕಾಳು?

ರಾತ್ರಿಪಾಳಿ
ನಾನು ಪಶುವೈದ್ಯೆ. ಲೆಕ್ಕ ನಾನೇ ಮಾಡುತ್ತೇನೆ, ಸ್ವಲ್ಪ ತಾಳ್ಮೆಯಿಂದ ಓದಿ.

ಆ ಪೇಸ್ಟ್ ಸಾಮಾನ್ಯವಾಗಿ 1.87 ಶೇಕಡಾದ್ದು. ಅಂದರೆ 1 ಗ್ರಾಂ ಪೇಸ್ಟ್‌ನಲ್ಲಿ 18.7 ಮಿ.ಗ್ರಾಂ ಔಷಧಿ. ಒಂದು ಟ್ಯೂಬ್ 500 ಕಿಲೋ ದಾಟಿದ ಕುದುರೆಗೆ ಲೆಕ್ಕ ಹಾಕಿ ಮಾಡಿದ್ದು. ಫೆರೆಟ್‌ಗೆ ನುಸಿಗಾಗಿ ಕೊಡುವುದು ಕಿಲೋಗೆ 0.2ರಿಂದ 0.4 ಮಿ.ಗ್ರಾಂ. ನಿಮ್ಮ ಕಾಳು ಅರ್ಧ ಗ್ರಾಂ ತೂಗಿತು ಅಂತ ಇಟ್ಟುಕೊಳ್ಳಿ. 9 ಮಿ.ಗ್ರಾಂ ದಾಟಿತು. ಒಂದು ಕಿಲೋ ಫೆರೆಟ್‌ಗೆ ಅದು ಬೇಕಾದ್ದಕ್ಕಿಂತ 20 ಪಟ್ಟು ಜಾಸ್ತಿ. ಚಿಕ್ಕ ಹೆಣ್ಣು ಫೆರೆಟ್ ಮುಕ್ಕಾಲು ಕಿಲೋ ಕೂಡ ಇರುವುದಿಲ್ಲ. ಹ್ಯಾಮ್‌ಸ್ಟರ್ ಮಾತೇ ಬೇಡ.

ಡೋಸ್ ಹೆಚ್ಚಾದರೆ ಜೊಲ್ಲು ಸುರಿಯುತ್ತದೆ, ಕಣ್ಣಿನ ಪಾಪೆ ಅಗಲವಾಗುತ್ತದೆ, ನಡೆಯುವಾಗ ತೂರಾಡುತ್ತದೆ, ನಡುಕ ಬರುತ್ತದೆ, ಆಮೇಲೆ ಎಚ್ಚರ ತಪ್ಪುತ್ತದೆ. ಇದಕ್ಕೆ ನೇರವಾದ ಪ್ರತಿವಿಷ ಇಲ್ಲ. ಮೈ ಬೆಚ್ಚಗಿಟ್ಟು, ಡ್ರಿಪ್ ಹಾಕಿ, ಔಷಧಿ ಮೈಯಿಂದ ಹೊರಹೋಗುವ ತನಕ ಕಾಯುವುದು. ಆ ಸ್ಥಿತಿಯಲ್ಲಿ ತಂದ ಪ್ರಾಣಿಗಳನ್ನು ನಾನು ನೋಡಿದ್ದೇನೆ. ತಂದವರೆಲ್ಲ ಹೇಳುವುದು "ಸ್ವಲ್ಪವೇ ಕೊಟ್ಟಿದ್ದು" ಅಂತಲೇ.

ಕುದುರೆಸವಾರ
ಮೇಡಂ, ನಾನು ಸಾಕು ಇಲಿಗಳಿಗೆ ಇದನ್ನೇ ಕೊಡುತ್ತಾ ಬಂದಿದ್ದೇನೆ. ಒಂದೂ ಸತ್ತಿಲ್ಲ. ಎಲ್ಲರಿಗೂ ಹತ್ತಿರದಲ್ಲಿ ಸಣ್ಣ ಪ್ರಾಣಿ ನೋಡುವ ವೈದ್ಯರು ಸಿಗುವುದಿಲ್ಲ. ಅಂಥವರು ಏನು ಮಾಡಬೇಕು? ಕೈಕಟ್ಟಿ ಕೂರಬೇಕಾ?

ರಾತ್ರಿಪಾಳಿ
ಪ್ರಶ್ನೆ ನ್ಯಾಯವಾದದ್ದೇ. ಔಷಧಿ ಕೆಟ್ಟದ್ದು ಅಂತ ನಾನು ಹೇಳುತ್ತಿಲ್ಲ, ನಾನೂ ಐವರ್‌ಮೆಕ್ಟಿನ್ ಬಳಸುತ್ತೇನೆ. ನಾವು ತೂಕ ನೋಡಿ, ಇಂಜೆಕ್ಷನ್ ದ್ರಾವಣವನ್ನು ತೆಳುಮಾಡಿ, ಸಣ್ಣ ಸಿರಿಂಜಿನಲ್ಲಿ ಅಳೆದು ಕೊಡುತ್ತೇವೆ. 1 ಶೇಕಡಾ ದ್ರಾವಣದಲ್ಲಿ 1 ಮಿ.ಲೀ.ಗೆ 10 ಮಿ.ಗ್ರಾಂ ಇರುತ್ತದೆ. ಒಂದು ಕಿಲೋ ಪ್ರಾಣಿಗೆ ಬೇಕಾದ್ದು 0.02ರಿಂದ 0.04 ಮಿ.ಲೀ., ಅಂದರೆ ಸೂಜಿ ತುದಿಯ ಒಂದು ಹನಿ. ಅಷ್ಟನ್ನು ಕಣ್ಣಳತೆಯಲ್ಲಿ ಮಾಡಲಾಗದು.

ಹತ್ತಿರ ಯಾರೂ ಇಲ್ಲದಿದ್ದರೆ ನಾಯಿ, ಬೆಕ್ಕು ನೋಡುವ ಯಾವ ಪಶುವೈದ್ಯರ ಹತ್ತಿರವಾದರೂ ಹೋಗಿ. ಕಿವಿ ನುಸಿ ಅವರಿಗೆ ದಿನಾ ಕಾಣುವ ಕಾಯಿಲೆ. ತೂಕ ತೂಗಿ, ಪ್ರಾಣಿ ಯಾವುದು ಅಂತ ಹೇಳಿ, ಅವರು ಉಳಿದದ್ದನ್ನು ನೋಡಿಕೊಳ್ಳುತ್ತಾರೆ. ಫೆರೆಟ್‌ಗೆ ಸೆಲಾಮೆಕ್ಟಿನ್ ಹನಿಯನ್ನು ಎಷ್ಟೋ ಕಡೆ ಬಳಸುತ್ತಾರೆ, ಲೇಬಲ್ಲಿನಲ್ಲಿ ಫೆರೆಟ್ ಹೆಸರು ಇಲ್ಲದಿದ್ದರೂ. ಇಮಿಡಾಕ್ಲೊಪ್ರಿಡ್ ಮತ್ತು ಮೊಕ್ಸಿಡೆಕ್ಟಿನ್ ಸೇರಿದ ಹನಿಗೆ ಯುರೋಪಿನಲ್ಲಿ "ಸಣ್ಣ ಬೆಕ್ಕು ಮತ್ತು ಫೆರೆಟ್" ಅಂತ ಲೇಬಲ್ಲೇ ಇದೆ. ಅದು ಇರುವುದು ಚಿಗಟಕ್ಕೆ, ಹೃದಯದ ಹುಳು ಬಾರದ ಹಾಗೆ ತಡೆಯಲಿಕ್ಕೆ. ನುಸಿಗೂ ವೈದ್ಯರು ಕೊಡುತ್ತಾರೆ.

ಪ್ರಶ್ನೆಪತ್ರಿಕೆ
ಈ ಐವರ್‌ಮೆಕ್ಟಿನ್‌ಗೇ ಅಲ್ವಾ ನೊಬೆಲ್ ಬಂದಿದ್ದು?

ಗಾಜಿನಪಟ್ಟಿ
ಹೌದು, 2015ರಲ್ಲಿ. ವಿಲಿಯಂ ಕ್ಯಾಂಪ್‌ಬೆಲ್ ಮತ್ತು ಸತೋಶಿ ಓಮುರಾ. ಆ ವರ್ಷದ ಇನ್ನರ್ಧ ಬಹುಮಾನ ಮಲೇರಿಯಾ ಔಷಧಿಗಾಗಿ ಟು ಯೂಯೂ ಅವರಿಗೆ ಹೋಯಿತು. ಓಮುರಾ ಜಪಾನಿನ ಮಣ್ಣಿನಿಂದ ಬೇರ್ಪಡಿಸಿದ ಒಂದು ಸೂಕ್ಷ್ಮಜೀವಿಯಿಂದ ಈ ಔಷಧಿ ಬಂತು. ಮೊದಲು ಪ್ರಾಣಿಗಳಿಗೆ ಬಂದ ಔಷಧಿ, ಮನುಷ್ಯರಿಗೆ ಆಮೇಲೆ.

ಸರಸರ
ಹಾಗಾದ್ರೆ ಕುದುರೆ ಪೇಸ್ಟಿಗೂ ನೊಬೆಲ್ ಮರ್ಯಾದೆ ಇದೆ ಅನ್ನಿ.

ತಕರಾರು
ಮರ್ಯಾದೆ ಇದೆ, ಅಳತೆ ಇಲ್ಲ.

ಉದ್ದಕಿವಿ
ಔಷಧಿ ಮಾತು ಬಂದಿದ್ದಕ್ಕೆ ಮೊಲ ಸಾಕುವವರ ಪರವಾಗಿ ಒಂದು ಮಾತು, ದಯವಿಟ್ಟು ಯಾರೂ ಸ್ಕ್ರೋಲ್ ಮಾಡಿ ಹೋಗಬೇಡಿ. ಫಿಪ್ರೊನಿಲ್ ಇರುವ ಚಿಗಟದ ಹನಿ ಮೊಲಕ್ಕೆ ವಿಷ. ನಾಯಿ, ಬೆಕ್ಕಿಗೆ ದಿನಾ ಹಾಕುವ ಅದೇ ಔಷಧಿ ಮೊಲಕ್ಕೆ ಹಾಕಿದರೆ ತಿನ್ನುವುದು ಬಿಡುತ್ತದೆ, ಮಂಕಾಗುತ್ತದೆ, ಫಿಟ್ಸ್ ಬಂದು ಸಾಯುತ್ತದೆ. ಡಬ್ಬಿಯ ಮೇಲೆಯೇ ಮೊಲಕ್ಕೆ ಬಳಸಬೇಡಿ ಅಂತ ಬರೆದಿರುತ್ತದೆ, ಸಣ್ಣ ಅಕ್ಷರದಲ್ಲಿ.

ಮೊಲದ ಕಿವಿ ನುಸಿಯೂ ಬೇರೆ, ಸೊರೊಪ್ಟಿಸ್ ಕುನಿಕ್ಯುಲೈ. ಕಿವಿಯೊಳಗೆ ಪದರ ಪದರವಾಗಿ ಹಕ್ಕಳೆ ಕಟ್ಟುತ್ತದೆ, ಕಿವಿ ಭಾರವಾಗಿ ಜೋತುಬೀಳುತ್ತದೆ. ಅದನ್ನು ನೋಡಿ ಕೀಳಲು ಹೋಗಬೇಡಿ. ಕೆಳಗೆ ಹಸಿ ಚರ್ಮ ಇರುತ್ತದೆ, ಜೀವ ಹೋಗುವಷ್ಟು ನೋವು. ಔಷಧಿ ಬಿದ್ದ ಮೇಲೆ ಹಕ್ಕಳೆ ತಾನಾಗಿ ಒಣಗಿ ಉದುರುತ್ತದೆ.

ಬೆನ್ನು, ಕತ್ತಿನ ಹಿಂದೆ ದೊಡ್ಡ ದೊಡ್ಡ ಹೊಟ್ಟು ಇದ್ದರೆ ಅದು ಇನ್ನೊಂದು ನುಸಿ, ಕೈಲಿಟಿಯೆಲ್ಲಾ. ಕಪ್ಪು ಬಟ್ಟೆ ಮೇಲೆ ಬಾಚಿ ಬೀಳಿಸಿ ನೋಡಿದರೆ ಹೊಟ್ಟೇ ನಡೆಯುತ್ತಿರುತ್ತದೆ. ಬೆನ್ನು ಬಗ್ಗಿಸಿ ತನ್ನ ಮೈ ತಾನು ನೆಕ್ಕಿ ಶುಚಿ ಮಾಡಿಕೊಳ್ಳಲಾಗದ ದಪ್ಪ ಮೊಲ, ಹಲ್ಲು ನೋವಿರುವ ಮೊಲಕ್ಕೆ ಜಾಸ್ತಿ. ನುಸಿಗೆ ಔಷಧಿ ಹಾಕಿ ಹಲ್ಲು ನೋಡದಿದ್ದರೆ ಅರ್ಧ ಕೆಲಸ.

ಬೆಕ್ಕಿನಮನೆ
ಅದೇ ಥರ ಬೆಕ್ಕಿಗೆ ಪರ್ಮೆಥ್ರಿನ್. ನಾಯಿಗೆ ಹಾಕುವ ಕೆಲವು ಹನಿಗಳಲ್ಲಿ ಇರುತ್ತದೆ. ಬೆಕ್ಕಿಗೆ ಹಾಕಿದರೆ ನಡುಕ, ಫಿಟ್ಸ್. ಒಟ್ಟಿನಲ್ಲಿ ಒಬ್ಬರ ಔಷಧಿ ಇನ್ನೊಬ್ಬರಿಗೆ ಹಾಕುವ ಮೊದಲು ಕೇಳಿ.

ಬಿಲವಾಸಿ
ಹಾಗಾದರೆ ನಾಯಿಯ ಕಿವಿ ಹನಿ?

ರಾತ್ರಿಪಾಳಿ
ಬೇಡ. ಅಂಥ ಹನಿಗಳಲ್ಲಿ ಹೆಚ್ಚಾಗಿ ಇರುವುದು ಆಂಟಿಬಯಾಟಿಕ್, ಶಿಲೀಂಧ್ರದ ಔಷಧಿ, ಸ್ಟೀರಾಯ್ಡ್. ಸ್ಟೀರಾಯ್ಡ್‌ನಿಂದ ತುರಿಕೆ ನಿಲ್ಲುತ್ತದೆ, ವಾಸಿಯಾಯಿತು ಅನ್ನಿಸುತ್ತದೆ. ಕಿವಿ ತಮಟೆ ಹರಿದಿದ್ದರೆ ಕೆಲವು ಹನಿ ಒಳಕಿವಿಗೆ ಇಳಿದು ಕೇಳುವ ಶಕ್ತಿಯನ್ನೇ ಕೆಡಿಸುತ್ತವೆ. ತಲೆ ಒಂದು ಕಡೆ ವಾಲಿಸುತ್ತಿದೆಯಾ, ಸುತ್ತುತ್ತಿದೆಯಾ ನೋಡಿ. ಹಾಗಿದ್ದರೆ ಇವತ್ತೇ ಹೋಗಿ.

ಬಾಲದ ಬುಡದ ಮಾತು. ನಾಲ್ಕು ವರ್ಷ ದಾಟಿದ ಫೆರೆಟ್‌ಗೆ ಬಾಲದಿಂದ ಶುರುವಾಗಿ ಎರಡೂ ಪಕ್ಕ ಒಂದೇ ಸಮ ಕೂದಲು ತೆಳುವಾಗುತ್ತಾ ಹೋದರೆ ನಾನು ಮೊದಲು ಯೋಚಿಸುವುದು ಅಡ್ರಿನಲ್ ಗ್ರಂಥಿಯ (ಕಿಡ್ನಿ ಪಕ್ಕದ ಹಾರ್ಮೋನು ಗ್ರಂಥಿ) ಕಾಯಿಲೆ. ಅದರಲ್ಲೂ ಕೆಲವಕ್ಕೆ ತುರಿಕೆ ಇರುತ್ತದೆ, ಅದಕ್ಕೇ ನುಸಿ ಅಂತ ಮೋಸಹೋಗುವುದು. ಗಂಡಾದ್ದರಿಂದ ಒಂದು ಎಚ್ಚರಿಕೆ: ಆ ಕಾಯಿಲೆಯಲ್ಲಿ ಪ್ರಾಸ್ಟೇಟ್ ಊದಿಕೊಂಡು ಮೂತ್ರ ಕಟ್ಟಬಹುದು. ಮುಕ್ಕುತ್ತಾ ಕೂತು ಹನಿ ಹನಿ ಬರುತ್ತಿದ್ದರೆ ಅದು ತುರ್ತು, ಬೆಳಗಾಗಲಿ ಅಂತ ಕಾಯಬಾರದು. ನುಸಿ ಸಿಕ್ಕಿತು ಅಂದ ಮಾತ್ರಕ್ಕೆ ಎರಡನೇ ಕಾಯಿಲೆ ಇಲ್ಲ ಅಂತಲ್ಲ.

ಸುಮ್ನೆಓದುಗ
ನಮ್ಮ ಫೆರೆಟ್ ನಿದ್ದೆಯಿಂದ ಎದ್ದ ಕೂಡಲೇ ಹುಚ್ಚು ಹಿಡಿದ ಹಾಗೆ ಕೆರೆದುಕೊಳ್ಳುತ್ತದೆ. ಇಷ್ಟೆಲ್ಲಾ ಓದಿ ಭಯ ಆಗ್ತಿದೆ.

ಬೆಕ್ಕಿನಮನೆ
ಎದ್ದ ಕೂಡಲೇ ಎಲ್ಲವೂ ಹಾಗೇ. ಒಂದೆರಡು ನಿಮಿಷ ಕೆರೆದು, ಆಕಳಿಸಿ, ಮೈ ಮುರಿದು, ನಿಮ್ಮ ಸಾಕ್ಸ್ ಕದ್ದು ಸೋಫಾ ಕೆಳಗೆ ಹೋದರೆ ಆರೋಗ್ಯವಾಗಿದೆ. ಆಟ ಬಿಟ್ಟು ಮಧ್ಯೆ ಮಧ್ಯೆ ಕೂತು ಕೆರೆದರೆ ನೋಡಿ.

ಸುಮ್ನೆಓದುಗ
ಸಾಕ್ಸ್ ಅಲ್ಲ, ರಿಮೋಟ್.

ಇಲಿಪುರಾಣ
ಪಂಜರದ ವಿಷಯ ಯಾರೂ ಎತ್ತಿಲ್ಲ. ಔಷಧಿ ಹಾಕಿದ ದಿನವೇ ಜೋಲಿ, ಹೊದಿಕೆ ಎಲ್ಲಾ ಬಿಸಿನೀರಲ್ಲಿ ಒಗೆಯಬೇಕು. ಮರದ ಗೂಡು, ಮರದ ಏಣಿ ಬಿಸಾಕಬೇಕು. ಪ್ರತಿದಿನ ತೊಳೆಯಬೇಕು.

ಗಾಜಿನಪಟ್ಟಿ
ಪ್ರತಿದಿನ ಬೇಡ. ಯಾವ ನುಸಿ ಅನ್ನುವುದರ ಮೇಲೆ ಹೋಗುತ್ತದೆ. ಗಿನಿಪಿಗ್‌ನ ಟ್ರಿಕ್ಸಾಕರಸ್ ಥರದವು ಪ್ರಾಣಿಯ ಮೈ ಬಿಟ್ಟರೆ ಬಹಳ ಕಾಲ ಬದುಕುವುದಿಲ್ಲ. ಮೊಲದ ಕಿವಿ ನುಸಿ ಮಾತ್ರ ಹಕ್ಕಳೆಯೊಳಗೆ ಎರಡು ಮೂರು ವಾರ ತಳ್ಳುತ್ತದೆ. ಹಾಸು ಬದಲಾಯಿಸಿ, ಬಟ್ಟೆ ಒಗೆಯಿರಿ, ಔಷಧಿ ಕೊಡುವ ಪ್ರತಿ ಸಲ ಮತ್ತೆ ಮಾಡಿ. ಅಷ್ಟು ಸಾಕು. ದಿನಾ ಪಂಜರ ಕಿತ್ತು ತೊಳೆದರೆ ಪ್ರಾಣಿಗೆ ಆಗುವ ಗಾಬರಿಯೇ ಜಾಸ್ತಿ.

ಇಲಿಪುರಾಣ
ನಾನು ಹೇಳಿದ್ದು ಇಲಿ ಸಾಕುವವರ ಅನುಭವದಿಂದ. ಇಲಿಯ ರಕ್ತ ಕುಡಿಯುವ ನುಸಿ, ಆರ್ನಿಥೊನಿಸ್ಸಸ್ ಬಕೋಟಿ, ಒಂದು ಸಲ ಮನೆಗೆ ಬಂದರೆ ಗೊತ್ತಾಗುತ್ತೆ.

ಗಾಜಿನಪಟ್ಟಿ
ಓ, ಅದಕ್ಕಾದರೆ ನಿಮ್ಮ ಮಾತೇ ಸರಿ. ಅದು ಪ್ರಾಣಿಯ ಮೈಮೇಲೆ ವಾಸ ಮಾಡುವುದೇ ಇಲ್ಲ. ಪಂಜರದ ಸಂದಿ, ಹಾಸಿನ ಅಡಿ, ಗೋಡೆ ಬಿರುಕಿನಲ್ಲಿ ಅಡಗಿರುತ್ತದೆ, ಹಸಿವಾದಾಗ ಬಂದು ರಕ್ತ ಕುಡಿದು ಹೋಗುತ್ತದೆ. ಮೈ ಕೆರೆದು ಪರೀಕ್ಷಿಸಿದರೆ ಏನೂ ಸಿಗುವುದಿಲ್ಲ. ರಕ್ತ ಕುಡಿದ ಮೇಲೆ ಕೆಂಪಾಗಿ ಕಾಣುತ್ತದೆ. ಮನುಷ್ಯರನ್ನೂ ಚೆನ್ನಾಗಿ ಕಚ್ಚುತ್ತದೆ. ಇಲ್ಲಿ ಪ್ರಾಣಿಗಿಂತ ಮನೆಗೇ ಚಿಕಿತ್ಸೆ ಜಾಸ್ತಿ.

ಇಲಿಪುರಾಣ
ಅದೇ ನಾನೂ ಹೇಳೋದು. ಹೊಸದಾಗಿ ತಂದ ಹಾಸನ್ನು ನಾನು ಒಂದೆರಡು ದಿನ ಫ್ರೀಜರ್‌ನಲ್ಲಿಟ್ಟೇ ಬಳಸುವುದು. ಮನೆಯಲ್ಲಿ ನಗುತ್ತಾರೆ, ನಗಲಿ.

ಬಿಲವಾಸಿ
ನನಗೆ ಮುಂಗೈ ಮೇಲೆ ಕೆಂಪು ಗುಳ್ಳೆ ಎದ್ದಿವೆ. ಮನಸ್ಸಿನ ತುರಿಕೆ ಅಲ್ಲ, ನಿಜವಾಗಿಯೂ. ಇದು ನಮಗೂ ಹತ್ತುತ್ತದಾ?

ಗಿನಿಅಜ್ಜಿ
ಟ್ರಿಕ್ಸಾಕರಸ್ ಆಗಿದ್ದರೆ ಎತ್ತಿ ಆಡಿಸಿದ ಕೈಗೆ, ಹೊಟ್ಟೆಗೆ ಗುಳ್ಳೆ ಬರುತ್ತದೆ. ಮನುಷ್ಯರ ಮೈಯಲ್ಲಿ ಅದು ನೆಲೆ ನಿಲ್ಲುವುದಿಲ್ಲ. ಪ್ರಾಣಿ ವಾಸಿಯಾದರೆ ನಿನ್ನದೂ ಹೋಗುತ್ತದೆ. ಆದರೆ ನೋಡು, ನನ್ನ ಅನುಮಾನ ಈಗ ಇನ್ನೂ ಗಟ್ಟಿಯಾಯಿತು. ಗಿನಿಪಿಗ್‌ನ್ನು ಮೊದಲು ತೋರಿಸು.

ರಾತ್ರಿಪಾಳಿ
ಗುಳ್ಳೆ ಹೋಗದಿದ್ದರೆ ನಿಮ್ಮ ಚರ್ಮದ ಡಾಕ್ಟರಿಗೆ ತೋರಿಸಿ, ಮನೆಯಲ್ಲಿ ಯಾವ ಪ್ರಾಣಿಗಳಿವೆ ಅಂತ ತಪ್ಪದೆ ಹೇಳಿ.

ಫೆರೆಟ್ ಪಾದಗಳನ್ನೂ ನೋಡಿ. ಸಾರ್ಕಾಪ್ಟಿಸ್ ಅಂತ ಇನ್ನೊಂದು ಕಜ್ಜಿ ನುಸಿ ಇದೆ, ಮನುಷ್ಯರ ಕಜ್ಜಿಯ ನೆಂಟ. ಫೆರೆಟ್‌ನಲ್ಲಿ ಅದು ಎರಡು ರೂಪದಲ್ಲಿ ಬರುತ್ತದೆ. ಒಂದು ಮೈಯೆಲ್ಲಾ ತುರಿಕೆ, ಕೂದಲು ಉದುರುವುದು. ಇನ್ನೊಂದು ಪಾದಕ್ಕೆ ಮಾತ್ರ. ಬೆರಳು ಊದಿ, ಹಕ್ಕಳೆ ಕಟ್ಟಿ, ಉಗುರು ಸೊಟ್ಟಗಾಗುತ್ತದೆ, ಬಿಟ್ಟರೆ ಉಗುರು ಕಳಚಿ ಬೀಳುತ್ತದೆ. ಅದು ಚರ್ಮದೊಳಗೆ ಇರುವುದರಿಂದ ಕೆರೆದು ತೆಗೆದ ಮಾದರಿಯಲ್ಲಿ ಎಷ್ಟೋ ಸಲ ಸಿಗುವುದೇ ಇಲ್ಲ. ವರದಿ ಖಾಲಿ ಬಂದರೂ ಲಕ್ಷಣ ನೋಡಿ ಔಷಧಿ ಶುರು ಮಾಡುತ್ತೇವೆ.

ಚಕ್ರವರ್ತಿ
ಹ್ಯಾಮ್‌ಸ್ಟರ್ ಇರುವವರು ಯಾರೂ ಇಲ್ವಾ? ನಮ್ಮ ಮುದುಕನಿಗೆ ಬೆನ್ನಿನ ಕೆಳಗೆ ಬೋಳಾಗಿದೆ, ಒಣ ಹೊಟ್ಟು. ಕೆರೆತ ಅಷ್ಟಿಲ್ಲ.

ಗಾಜಿನಪಟ್ಟಿ
ವಯಸ್ಸಾಗಿದೆ, ಕೆರೆತ ಕಡಿಮೆ ಅಂದರೆ ಡೆಮೊಡೆಕ್ಸ್ ನುಸಿಯಾ ಅಂತ ನೋಡಿಸಿ. ಅದು ಎಲ್ಲ ಹ್ಯಾಮ್‌ಸ್ಟರ್ ಮೈಯಲ್ಲೂ ಸ್ವಲ್ಪ ಇರುವಂಥದ್ದು, ಉದ್ದುದ್ದ ಹುಳದ ಆಕಾರ. ಮೈಯ ಶಕ್ತಿ ಕುಗ್ಗಿದಾಗ ಏಳುತ್ತದೆ. ನುಸಿ ಸಿಕ್ಕಿತು ಅಂತ ಅಲ್ಲಿಗೇ ನಿಲ್ಲಬಾರದು, ಕಿಡ್ನಿ, ಗೆಡ್ಡೆ, ಹಾರ್ಮೋನು ಏನಾದರೂ ಇದೆಯಾ ಅಂತ ನೋಡಬೇಕು.

ಚಕ್ರವರ್ತಿ
ಸರಿ. ಟೀ ಟ್ರೀ ಎಣ್ಣೆ ಹಚ್ಚಬಹುದಾ? ನೈಸರ್ಗಿಕ ಅಲ್ವಾ.

ಉದ್ದಕಿವಿ
ಹಾವಿನ ವಿಷವೂ ನೈಸರ್ಗಿಕ.

ರಾತ್ರಿಪಾಳಿ
ಟೀ ಟ್ರೀ ಎಣ್ಣೆ ಸಣ್ಣ ಪ್ರಾಣಿಗಳಿಗೆ ವಿಷ. ಚರ್ಮದಿಂದ ಒಳಗೆ ಇಳಿಯುತ್ತದೆ, ನೆಕ್ಕಿಯೂ ಹೋಗುತ್ತದೆ. ಬೇಡವೇ ಬೇಡ.

ಬಿಲವಾಸಿ
ಅಪ್‌ಡೇಟ್. ಮೂರನ್ನೂ ತೋರಿಸಿಕೊಂಡು ಬಂದೆ. ನಾಯಿಯನ್ನೂ. ಫೆರೆಟ್‌ಗೆ ಕಿವಿ ನುಸಿ ಖಚಿತ, ನಾಯಿಗೆ ಸಿಗಲಿಲ್ಲ, ಆದರೂ ಔಷಧಿ ಕೊಟ್ಟಿದ್ದಾರೆ. ಎರಡೂ ಫೆರೆಟ್‌ಗೆ ಸೆಲಾಮೆಕ್ಟಿನ್ ಹಾಕಿದರು. ಗಿನಿಪಿಗ್‌ಗೆ ಟ್ರಿಕ್ಸಾಕರಸ್, ಅಜ್ಜಿ ಹೇಳಿದ್ದೇ ಆಯಿತು. ಅಳೆದು ಐವರ್‌ಮೆಕ್ಟಿನ್ ಇಂಜೆಕ್ಷನ್, ನೋವಿಗೆ ಔಷಧಿ, ವಿಟಮಿನ್ ಸಿ. ಎರಡು ವಾರಕ್ಕೆ ಮತ್ತೆ ಬರಲು ಹೇಳಿದ್ದಾರೆ. ಬಾಲದ ಕೂದಲಿಗೆ ಸ್ಕ್ಯಾನ್ ಮಾಡಬೇಕಂತೆ, ಅದು ಮುಂದಿನ ವಾರ. ಕಿವಿ ಕ್ಲೀನ್ ಮಾಡುವ ದ್ರಾವಣವನ್ನೂ ಕೊಟ್ಟಿದ್ದಾರೆ, ಆದರೆ ಇವನನ್ನು ಹಿಡಿಯುವುದೇ ಆಗುತ್ತಿಲ್ಲ. ಕೈಯಲ್ಲಿ ನಿಲ್ಲುವುದೇ ಇಲ್ಲ. ಸ್ನಾನದ ಪ್ರಶ್ನೆಯೂ ಹಾಗೇ ಉಳಿಯಿತು.

ಬೆಕ್ಕಿನಮನೆ
ಕತ್ತಿನ ಹಿಂದಿನ ಸಡಿಲ ಚರ್ಮ ಹಿಡಿದು ಎತ್ತಿ. ಎತ್ತಿದರೆ ಆಕಳಿಸಿ ಸುಮ್ಮನಾಗುತ್ತದೆ. ಹಿಂಗಾಲಿಗೆ ಆಸರೆ ಕೊಡಿ. ಆಗಲೂ ಒದ್ದಾಡಿದರೆ ಹೊಟ್ಟೆ ಮೇಲೆ ಒಂದು ಹನಿ ಸಾಲ್ಮನ್ ಎಣ್ಣೆ ಬಿಟ್ಟು ಮಡಿಲಲ್ಲಿ ಅಂಗಾತ ಮಲಗಿಸಿ. ಅದನ್ನು ನೆಕ್ಕುತ್ತಾ ಲೋಕ ಮರೆತುಬಿಡುತ್ತದೆ. ಕಿವಿಗೆ ದ್ರಾವಣ ಹಾಕಿ, ಬುಡ ಉಜ್ಜಿ, ಬಿಟ್ಟುಬಿಡಿ. ತಲೆ ಕೊಡವಿದಾಗ ಹೊರಬಂದದ್ದನ್ನು ಹತ್ತಿಯಲ್ಲಿ ಒರೆಸಿದರೆ ಆಯಿತು. ಹಳೆ ಬಟ್ಟೆ ಹಾಕಿಕೊಂಡಿರಿ.

ರಾತ್ರಿಪಾಳಿ
ಸ್ನಾನ ಬೇಡ. ಪದೇ ಪದೇ ಸ್ನಾನ ಮಾಡಿಸಿದರೆ ಫೆರೆಟ್ ಚರ್ಮದ ಎಣ್ಣೆ ಹೋಗಿ ತುರಿಕೆ ಜಾಸ್ತಿ ಆಗುತ್ತದೆ, ಕಳೆದ ಎಣ್ಣೆ ತುಂಬಿಕೊಳ್ಳಲು ಮೈ ಇನ್ನಷ್ಟು ಸ್ರವಿಸಿ ವಾಸನೆಯೂ ಏರುತ್ತದೆ. ಎರಡನೇ ಡೋಸ್ ಮಾತ್ರ ತಪ್ಪಿಸಬೇಡಿ. ಕೆರೆತ ನಿಂತಿದ್ದರೂ ಹೋಗಿ.

ಕುದುರೆಸವಾರ
ಆ ಸೆಲಾಮೆಕ್ಟಿನ್ ಇಲಿಗೂ ಕೊಡ್ತಾರಾ?

ರಾತ್ರಿಪಾಳಿ
ಕೊಡುತ್ತಾರೆ. ತೂಕ ತೂಗಿ.

ಕುದುರೆಸವಾರ
ಗೊತ್ತಿತ್ತು ಹಾಗೇ ಹೇಳ್ತೀರಿ ಅಂತ.

ಮುಳ್ಳುಮುದ್ದು
ಹೆಡ್ಜ್‌ಹಾಗ್‌ಗೆ ಮುಳ್ಳು ಉದುರುತ್ತಿದೆ, ಬುಡದಲ್ಲಿ ಬಿಳಿ ಪುಡಿ. ಇದೂ ನುಸಿನಾ?

ಗಾಜಿನಪಟ್ಟಿ
ಕಪಾರಿನಿಯಾ ಅಂತ ಅದಕ್ಕೂ ಒಂದು ಇದೆ. ಮರಿಯಾದರೆ ಮುಳ್ಳು ಬದಲಾಗುವ ವಯಸ್ಸೂ ಇರಬಹುದು. ವಯಸ್ಸೆಷ್ಟು, ಕೆರೆಯುತ್ತಿದೆಯಾ ಅಂತ ಬರೆದು ಹೊಸ ಚರ್ಚೆ ಶುರು ಮಾಡಿ, ಇಲ್ಲಿ ಕಳೆದುಹೋಗುತ್ತದೆ.